ಜಂಗಲ್ ಬುಕ್ (1942ರ ಚಲನಚಿತ್ರ)

ಜಂಗಲ್ ಬುಕ್ 1942ರಲ್ಲಿ ತೆರೆಕಂಡ ಇಂಗ್ಲಿಷ್ ವರ್ಣಚಿತ್ರ. ರುಡ್ಯಾರ್ಡ್ ಕಿಪ್ಲಿಂಗ್ ಮಕ್ಕಳಿಗಾಗಿ ಬರೆದ ಮೌಗ್ಲಿಯ ಕಥೆಗಳು ಇದಕ್ಕೆ ಆಧಾರ. ಅಲೆಕ್ಸಾಂಡರ್ ಕೋರ್ಡಾ ನಿರ್ಮಿಸಿದ ಈ ಚಿತ್ರವನ್ನು ಅವರ ಸೋದರ ಝೋಲ್ತಾನ್ ಕೋರ್ಡಾ ನಿರ್ದೇಶಿಸಿದರು. ಮೌಗ್ಲಿಯಾಗಿ ನಟಿಸಿದ ಸಾಬು ದಸ್ತಗೀರ್ (1924–1963) ಮೈಸೂರು ಸಂಸ್ಥಾನದ ಕಾರಾಪುರದವರು, ಮಾವುತನ ಮಗ. ಮೈಸೂರು ಸೀಮೆಯಲ್ಲಿ ಚಿತ್ರೀಕರಣಗೊಂಡ ‘ಎಲಿಫೆಂಟ್ ಬಾಯ್’ (1937) ಅವರ ಮೊದಲ ಚಿತ್ರ. ಜಂಗಲ್ ಬುಕ್‌ನ ಕಾಡು ಮಾತ್ರ ನಮ್ಮದಲ್ಲ. ಅದನ್ನು ಕ್ಯಾಲಿಫೋರ್ನಿಯಾದಲ್ಲಿ ನಿರ್ಮಿಸಲಾಯಿತು.

ವರ್ಣ ಛಾಯಾಗ್ರಹಣ

ಲೀ ಗಾರ್ಮ್ಸ್ ಮತ್ತು ಡಬ್ಲ್ಯೂ. ಹೋವರ್ಡ್ ಗ್ರೀನ್ ಅವರ ಛಾಯಾಗ್ರಹಣವು ಆಸ್ಕರ್‌ಗೆ ನಾಮನಿರ್ದೇಶನ ಪಡೆಯಿತು. ಚಿತ್ರೀಕರಣಕ್ಕೆ ಬಳಸಿದ್ದು ಟೆಕ್ನಿಕಲರ್ ವಿಧಾನ. ಇದರಲ್ಲಿ ಕ್ಯಾಮೆರಾದೊಳಗಿನ ಪಟ್ಟಕವು ಬೆಳಕನ್ನು ವಿಭಜಿಸಿ, ಕೆಂಪು, ಹಸಿರು, ನೀಲಿ ಬಣ್ಣಗಳ ಅಂಶವನ್ನು ಮೂರು ಕಪ್ಪು-ಬಿಳುಪು ನೆಗೆಟಿವ್‌ಗಳಲ್ಲಿ ದಾಖಲಿಸುತ್ತದೆ. ಮುದ್ರಣದ ಹಂತದಲ್ಲಿ ಮೂರನ್ನೂ ಬಣ್ಣದ್ರವ್ಯಗಳ ಮೂಲಕ ಒಂದೇ ಫಿಲ್ಮಿನ ಮೇಲೆ ಕೂಡಿಸಲಾಗುತ್ತದೆ. ಕಾಲಕ್ರಮದಲ್ಲಿ ನೆಗೆಟಿವ್‌ಗಳು ಒಂದೊಂದು ಪ್ರಮಾಣದಲ್ಲಿ ಕುಗ್ಗಿದರೆ ಅವು ಸರಿಯಾಗಿ ಹೊಂದಿಕೆಯಾಗದೆ, ಆಕೃತಿಗಳ ಅಂಚಿನಲ್ಲಿ ಬಣ್ಣದ ಗೆರೆಗಳು ಮೂಡುತ್ತವೆ.

ಮನೆಯಲ್ಲಿ ನೋಡುವ ಪ್ರತಿಗಳು

ಅಮೆರಿಕದಲ್ಲಿ ಈ ಚಿತ್ರದ ಹಕ್ಕುಸ್ವಾಮ್ಯವನ್ನು ನವೀಕರಿಸದ ಕಾರಣ ಅದು ಅಲ್ಲಿ ಸಾರ್ವಜನಿಕ ಸ್ವತ್ತಾಯಿತು. ಯಾರು ಬೇಕಾದರೂ ಕ್ಯಾಸೆಟ್, ಡಿವಿಡಿ ಮಾಡಿ ಮಾರಬಹುದಾಯಿತು. ಚಿತ್ರ ಉಳಿದು ಹರಡಿದ್ದು ಇದರಿಂದಲೇ, ಕೆಟ್ಟದ್ದೂ ಇದರಿಂದಲೇ. ಅಗ್ಗದ ಪ್ರತಿಗಳಲ್ಲಿ ಅನೇಕವು ಸವೆದ ಪ್ರಿಂಟ್‌ಗಳಿಂದ ತೆಗೆದವು. ಅವುಗಳಲ್ಲಿ ಹಸಿರು ಕಂದಿ ಚಿತ್ರವೆಲ್ಲ ಕೆಂಪಡರಿರುತ್ತದೆ. ರಾತ್ರಿಯ ಕಾಡಿನ ದೃಶ್ಯಗಳಲ್ಲಿ ಕಪ್ಪು ಹೆಪ್ಪುಗಟ್ಟಿ, ಕರಿಚಿರತೆ ಬಘೀರನ ಕಣ್ಣುಗಳಷ್ಟೇ ಉಳಿಯುತ್ತವೆ. ಮಾಧ್ಯಮದ ಮಿತಿಯೂ ಇದಕ್ಕೆ ಸೇರುತ್ತದೆ: ವಿಎಚ್‌ಎಸ್ ಟೇಪಿನ ಸ್ಪಷ್ಟತೆ ಸುಮಾರು 240 ಗೆರೆಗಳು, ನಮ್ಮಲ್ಲಿ ಬಹುಕಾಲ ಬಳಕೆಯಲ್ಲಿದ್ದ ವಿಸಿಡಿಯದು 352×288 ಬಿಂದುಗಳು, ಪಾಲ್ ಡಿವಿಡಿಯದು 720×576. ಮೂಲವೇ ಮಸುಕಾಗಿದ್ದರೆ ಬಿಂದುಗಳನ್ನು ಹೆಚ್ಚಿಸಿ ಫಲವಿಲ್ಲ. ಇಂಥ ಪ್ರತಿಯೊಂದನ್ನು ನೋಡಿ ಚಿತ್ರದ ವರ್ಣಸಂಯೋಜನೆಯನ್ನು ಅಳೆಯುವುದು ಛಾಯಾಗ್ರಾಹಕರಿಗೆ ಮಾಡುವ ಅನ್ಯಾಯವೇ ಸರಿ.

ಕ್ರೈಟೀರಿಯನ್ ಸಂಸ್ಥೆ 2011ರಲ್ಲಿ ತನ್ನ ಎಕ್ಲಿಪ್ಸ್ ಮಾಲೆಯಲ್ಲಿ ‘ಎಲಿಫೆಂಟ್ ಬಾಯ್’, ‘ದಿ ಡ್ರಮ್’ ಮತ್ತು ಈ ಚಿತ್ರವನ್ನು ‘ಸಾಬು!’ ಎಂಬ ಡಿವಿಡಿ ಸಂಪುಟವಾಗಿ ಹೊರತಂದಿತು. ಸಾಬು ಅವರ ಅಭಿನಯವನ್ನು ಅಭ್ಯಸಿಸುವ ವಿದ್ಯಾರ್ಥಿಗಳು ಹೆಸರಿಲ್ಲದ ಪ್ರತಿಗಳಿಗಿಂತ ಇದನ್ನು ಆರಿಸಿಕೊಳ್ಳುವುದು ಮೇಲು.

ಚಿತ್ರದ ಚೌಕಟ್ಟಿನ ಅಗಲ-ಎತ್ತರಗಳ ಅನುಪಾತ 1.37:1. ಇಂದಿನ ಅಗಲ ಪರದೆಯ ಟಿವಿಯಲ್ಲಿ ಎರಡು ಪಕ್ಕಗಳಲ್ಲಿ ಕಪ್ಪು ಪಟ್ಟಿ ಕಾಣುವುದು ದೋಷವಲ್ಲ. ಅದನ್ನು ತುಂಬಿಸಲು ಚಿತ್ರವನ್ನು ಹಿಗ್ಗಿಸಿದರೆ ತೆಳ್ಳಗಿನ ಮೌಗ್ಲಿ ಸ್ಥೂಲಕಾಯನಾಗಿ ಕಾಣುತ್ತಾನೆ.