ಹೊಡೆದಿದ್ದೆಲ್ಲ ಸ್ವಂತ ಉಪಗ್ರಹಗಳನ್ನೇ

ಇವತ್ತಿನ ಕಂತಿನಲ್ಲಿ ಬಾಹ್ಯಾಕಾಶದ ಆಯುಧಗಳ ಕಥೆ ಹೇಳ್ತೀನಿ. ಮೊದಲಿಗೆ ಒಂದು ಪ್ರಶ್ನೆ. ಭೂಮಿಯಿಂದ ಅಥವಾ ವಿಮಾನದಿಂದ ಕ್ಷಿಪಣಿ ಹಾರಿಸಿ ಉಪಗ್ರಹವನ್ನು ಪುಡಿ ಮಾಡಿದ ದೇಶಗಳು ಈವರೆಗೆ ನಾಲ್ಕು: ಅಮೆರಿಕ, ಚೀನಾ, ಭಾರತ, ರಷ್ಯಾ. ಈ ನಾಲ್ಕೂ ದೇಶಗಳು ಹೊಡೆದದ್ದು ಯಾರ ಉಪಗ್ರಹಗಳನ್ನ? ಶತ್ರುಗಳದ್ದು ಅಂತ ಅನ್ನಿಸುತ್ತೆ ಅಲ್ವಾ? ಅಲ್ಲ. ಒಂದೂ ಬಿಡದೆ ಎಲ್ಲವೂ ಅವರವರದ್ದೇ.

ಸ್ವಂತ ದುಡ್ಡಲ್ಲಿ ಕಟ್ಟಿ, ಸ್ವಂತ ರಾಕೆಟ್‌ನಲ್ಲಿ ಕಳಿಸಿ, ಸ್ವಂತ ಕ್ಷಿಪಣಿಯಿಂದ ಒಡೆಯೋದು. ಹೀಗೆ ಹೇಳಿದರೆ ಹುಚ್ಚಾಟದ ಹಾಗೆ ಕೇಳಿಸುತ್ತೆ, ಆದರೆ ಇದರ ಹಿಂದೆ ಲೆಕ್ಕಾಚಾರವೂ ಇದೆ. ಬೇರೆಯವರ ಉಪಗ್ರಹಕ್ಕೆ ಹೊಡೆದರೆ ಅದು ಯುದ್ಧ. ನಮ್ಮದಕ್ಕೇ ಹೊಡೆದುಕೊಂಡರೆ ಅದು ಪರೀಕ್ಷೆ. ಎದುರಿನವನಿಗೆ ಸಂದೇಶ ಮುಟ್ಟಿದರೆ ಸಾಕು.

ರಾಕೆಟ್ ಅಂದ ಕೂಡಲೇ ನಾವು ಕನ್ನಡಿಗರು ಟಿಪ್ಪುವಿನ ಕಾಲಕ್ಕೆ ಹೋಗಿಬಿಡ್ತೀವಿ. ಆ ಕಥೆ ಇನ್ನೊಂದು ದಿನಕ್ಕಿರಲಿ. ಬಾಹ್ಯಾಕಾಶದ ಗಡಿ ದಾಟಿದ ಮೊದಲ ಮಾನವನಿರ್ಮಿತ ವಸ್ತು ಯಾವುದು ಅಂತ ನೋಡಿದರೆ, ಅದು ಜರ್ಮನಿಯ ವಿ-2. 1944ರ ಜೂನ್‌ನಲ್ಲಿ ನೆಟ್ಟಗೆ ಮೇಲಕ್ಕೆ ಹಾರಿಸಿದ ಒಂದು ವಿ-2 ಸುಮಾರು 176 ಕಿಲೋಮೀಟರ್ ಎತ್ತರ ಮುಟ್ಟಿತು. ಮೂರು ತಿಂಗಳು ಕಳೆಯುವುದರೊಳಗೆ ಅದೇ ವಿ-2 ಲಂಡನ್ ಮೇಲೆ ಬೀಳ್ತಾ ಇತ್ತು. 1957ರ ಅಕ್ಟೋಬರ್‌ನಲ್ಲಿ ಸ್ಪುಟ್ನಿಕ್ ಹೊತ್ತೊಯ್ದ ಆರ್-7 ಕೂಡ ಮೂಲತಃ ಅಣುಬಾಂಬ್ ಹೊರಲು ಕಟ್ಟಿದ ಖಂಡಾಂತರ ಕ್ಷಿಪಣಿ. ನಮ್ಮಲ್ಲಿ ಇದು ತಿರುಗಾಮುರುಗಾ ನಡೆಯಿತು. 1980ರಲ್ಲಿ ರೋಹಿಣಿ ಉಪಗ್ರಹವನ್ನು ಕಕ್ಷೆಗೆ ಸೇರಿಸಿದ ಎಸ್‌ಎಲ್‌ವಿ-3ರ ಮೊದಲ ಹಂತವೇ ಮುಂದೆ 1989ರಲ್ಲಿ ಹಾರಿದ ಅಗ್ನಿ ಕ್ಷಿಪಣಿಯ ಮೊದಲ ಹಂತವೂ ಆಯಿತು. ರಾಕೆಟ್ಟಿಗೂ ಕ್ಷಿಪಣಿಗೂ ವ್ಯತ್ಯಾಸ ಮೂತಿಯಲ್ಲಿ ಏನಿಟ್ಟಿದ್ದೀವಿ ಅನ್ನೋದರಲ್ಲಿದೆ, ಅಷ್ಟೇ.

ಈಗ 1962ಕ್ಕೆ ಬರೋಣ. ನನ್ನ ಲೆಕ್ಕದಲ್ಲಿ ಈ ಇಡೀ ಇತಿಹಾಸದ ಅತ್ಯಂತ ವಿಚಿತ್ರ ರಾತ್ರಿ ಅದು. ಪೆಸಿಫಿಕ್ ಸಾಗರದ ಜಾನ್‌ಸ್ಟನ್ ದ್ವೀಪದಿಂದ ಅಮೆರಿಕ ಒಂದು ಥಾರ್ ಕ್ಷಿಪಣಿ ಹಾರಿಸಿತು. ಅದರ ತಲೆಯಲ್ಲಿದ್ದದ್ದು 1.4 ಮೆಗಾಟನ್ ಅಣುಬಾಂಬ್, ಅಂದ್ರೆ ಹಿರೋಶಿಮಾ ಬಾಂಬಿನ ತೊಂಬತ್ತು ಪಟ್ಟು ಅಂದುಕೊಳ್ಳಿ. ಹವಾಯಿಯಲ್ಲಿ ಆಗ ಜುಲೈ 8ರ ರಾತ್ರಿ 11 ಗಂಟೆ. ಬಾಂಬ್ ಸಿಡಿದದ್ದು 400 ಕಿಲೋಮೀಟರ್ ಎತ್ತರದಲ್ಲಿ. ಈ ಪರೀಕ್ಷೆಯ ಹೆಸರು ಸ್ಟಾರ್‌ಫಿಶ್ ಪ್ರೈಮ್. ಅದೇನು ಗುಟ್ಟಿನ ವ್ಯವಹಾರವೂ ಆಗಿರಲಿಲ್ಲ. ಹೊನೊಲುಲುವಿನ ಹೋಟೆಲ್‌ಗಳಲ್ಲಿ ಜನ ಪಾರ್ಟಿ ಮಾಡಿಕೊಂಡು, ಮಹಡಿ ಮೇಲೆ ನಿಂತು, ಬಾಣಬಿರುಸು ನೋಡೋ ಹಾಗೆ ಕಾಯ್ತಾ ಇದ್ದರು. ಆಕಾಶ ಹಸಿರಾಯಿತು, ಹಳದಿಯಾಯಿತು, ಕೆಂಪಾಯಿತು.

ಅದೇ ಕ್ಷಣಕ್ಕೆ 1,400 ಕಿಲೋಮೀಟರ್‌ಗೂ ಹೆಚ್ಚು ದೂರದಲ್ಲಿದ್ದ ಹವಾಯಿಯಲ್ಲಿ ಸುಮಾರು 300 ಬೀದಿದೀಪಗಳು ಆರಿಹೋದವು, ಕಳ್ಳರನ್ನು ಹಿಡಿಯಲು ಇಟ್ಟಿದ್ದ ಅಲಾರಂಗಳು ತಾವಾಗೇ ಕೂಗಿಕೊಂಡವು. ಬಾಂಬಿನಿಂದ ಹೊಮ್ಮಿದ ವಿದ್ಯುತ್ಕಾಂತೀಯ ಅಲೆಯ ಕೆಲಸ ಅದು. ಆದರೆ ನಿಜವಾದ ಅನಾಹುತ ಮೇಲುಗಡೆ ಆಗಿತ್ತು. ಸ್ಫೋಟದಿಂದ ಚಿಮ್ಮಿದ ಎಲೆಕ್ಟ್ರಾನ್‌ಗಳು ಭೂಮಿಯ ಕಾಂತಕ್ಷೇತ್ರದಲ್ಲಿ ಸಿಕ್ಕಿಕೊಂಡು, ಭೂಮಿಯ ಸುತ್ತ ಒಂದು ಕೃತಕ ವಿಕಿರಣದ ಪಟ್ಟಿಯನ್ನೇ ಕಟ್ಟಿಬಿಟ್ಟವು. ಆ ಪಟ್ಟಿಯೊಳಗೆ ಹಾದುಹೋದ ಉಪಗ್ರಹಗಳ ಸೋಲಾರ್ ಫಲಕಗಳು ಹಾಳಾಗತೊಡಗಿದವು.

ಅದರಲ್ಲಿ ಏರಿಯಲ್-1 ಕೂಡ ಒಂದು. ಬ್ರಿಟನ್ನಿನ ಮೊಟ್ಟಮೊದಲ ಉಪಗ್ರಹ. ಅದನ್ನು ಕಟ್ಟಿದ್ದೂ ಅಮೆರಿಕ, ಏಪ್ರಿಲ್‌ನಲ್ಲಿ ಹಾರಿಸಿಕೊಟ್ಟಿದ್ದೂ ಅಮೆರಿಕ, ಒಳಗಿನ ಉಪಕರಣಗಳು ಮಾತ್ರ ಬ್ರಿಟನ್ನಿನವು. ಮೂರು ತಿಂಗಳು ತುಂಬುವ ಮೊದಲೇ ಅದನ್ನು ಕೆಡಿಸಿದ್ದೂ ಅಮೆರಿಕದ ಬಾಂಬೇ. ಇನ್ನು ಟೆಲ್‌ಸ್ಟಾರ್ ಕಥೆ ಕೇಳಿ. ಅಟ್ಲಾಂಟಿಕ್‌ನ ಆಚೆ-ಈಚೆ ನೇರ ಟಿವಿ ಚಿತ್ರ ದಾಟಿಸಿದ ಉಪಗ್ರಹ. ಬಾಂಬ್ ಸಿಡಿದಾಗ ಅದು ಇನ್ನೂ ನೆಲದ ಮೇಲಿತ್ತು, ಹಾರಿದ್ದು ಮಾರನೆಯ ದಿನ. ಆದರೂ ತಪ್ಪಿಸಿಕೊಳ್ಳಲಿಲ್ಲ. ಅದೇ ವರ್ಷ ಸೋವಿಯತ್ ಒಕ್ಕೂಟ ನಡೆಸಿದ ಇಂಥದೇ ಸ್ಫೋಟಗಳೂ ಸೇರಿಕೊಂಡು, ನವೆಂಬರ್‌ಗೆ ಅದು ಕೈಕೊಟ್ಟಿತು. ಎಂಜಿನಿಯರ್‌ಗಳು ಉಪಾಯ ಮಾಡಿ ಒಮ್ಮೆ ಎಬ್ಬಿಸಿದರು. 1963ರ ಫೆಬ್ರವರಿಯಲ್ಲಿ ಪೂರ್ತಿ ಮೌನವಾಯಿತು.

ನೋಡಿ, ಶೀತಲ ಸಮರದ ಎರಡೂ ಕಡೆಯವರಿಗೆ ಪಾಠ ಬೇಗ ಅರ್ಥವಾಯಿತು. ಮಿಲಿಟರಿಗೂ ಆಗ ಉಪಗ್ರಹಗಳೇ ಕಣ್ಣು. ಅಮೆರಿಕದ ಕೊರೋನಾ ಗೂಢಚಾರ ಉಪಗ್ರಹ 1960ರಲ್ಲಿ ಒಂದೇ ಸಲ ಕಳಿಸಿದ ಫಿಲ್ಮ್ ಸುರುಳಿಯಲ್ಲಿ, ಅಲ್ಲಿಯವರೆಗೆ ಎಲ್ಲ ಯು-2 ವಿಮಾನಗಳು ಸೇರಿ ತೆಗೆದದ್ದಕ್ಕಿಂತ ಹೆಚ್ಚು ಸೋವಿಯತ್ ನೆಲದ ಚಿತ್ರ ಇತ್ತು. ಅಂಥ ಕಣ್ಣಿಗೆ ತಾವೇ ಕೈಹಾಕಿಕೊಳ್ಳೋದು ಯಾರಿಗೆ ಬೇಕು? 1963ರಲ್ಲಿ ಬಾಹ್ಯಾಕಾಶದ ಅಣುಪರೀಕ್ಷೆ ನಿಷೇಧವಾಯಿತು. 1967ರ ಬಾಹ್ಯಾಕಾಶ ಒಪ್ಪಂದ ಕಕ್ಷೆಯಲ್ಲಿ ಅಣ್ವಸ್ತ್ರ ಇಡಬಾರದು ಅಂತು. ಆದರೆ ಆ ಒಪ್ಪಂದ ಒಂದು ಬಾಗಿಲು ಮುಚ್ಚದೆ ಬಿಟ್ಟಿತು. ಸಾಮಾನ್ಯ ಕ್ಷಿಪಣಿಯಿಂದ ಉಪಗ್ರಹ ಹೊಡೆಯಬಾರದು ಅಂತ ಅದರಲ್ಲಿ ಎಲ್ಲೂ ಇಲ್ಲ.

ಆ ಬಾಗಿಲಿನಿಂದ ಎಲ್ಲರೂ ನುಗ್ಗಿದರು. ಸೋವಿಯತ್‌ನವರು ಉಪಗ್ರಹದ ಪಕ್ಕಕ್ಕೇ ಇನ್ನೊಂದು ಉಪಗ್ರಹ ಕಳಿಸಿ ಸಿಡಿಸುವ ವಿಧಾನ ಹಿಡಿದರು. ಸಾಲದ್ದಕ್ಕೆ ಸಲ್ಯೂತ್-3 ನಿಲ್ದಾಣಕ್ಕೆ ಒಂದು ಫಿರಂಗಿಯನ್ನೂ ಕಟ್ಟಿದರು! ಗುರಿ ಹಿಡಿಯಬೇಕಾದರೆ ಇಡೀ ನಿಲ್ದಾಣವನ್ನೇ ತಿರುಗಿಸಬೇಕಿತ್ತು. ಒಳಗೆ ಯಾರೂ ಇಲ್ಲದಾಗ 1975ರ ಜನವರಿಯಲ್ಲಿ ಹಾರಿಸಿ ನೋಡಿದರು, ಅಲ್ಲಿಗೆ ಆ ಉಸಾಬರಿ ಮುಗಿಯಿತು.

ಅಮೆರಿಕದವರ ಸರದಿ 1985ರ ಸೆಪ್ಟೆಂಬರ್ 13. ವಾಯುಪಡೆಯ ಮೇಜರ್ ವಿಲ್ಬರ್ಟ್ ಪಿಯರ್ಸನ್ ಎಫ್-15 ವಿಮಾನವನ್ನು ನೆಟ್ಟಗೆ ಮೇಲಕ್ಕೆತ್ತಿ, ಸುಮಾರು 11 ಕಿಲೋಮೀಟರ್ ಎತ್ತರದಲ್ಲಿ ಕ್ಷಿಪಣಿ ಬಿಟ್ಟರು. 555 ಕಿಲೋಮೀಟರ್ ಎತ್ತರದಲ್ಲಿದ್ದ ಸಾಲ್‌ವಿಂಡ್ ಉಪಗ್ರಹ ಚೂರುಚೂರಾಯಿತು. ನಂಗೆ ಇಲ್ಲಿ ಬೇಜಾರಾಗೋ ವಿಷಯ ಏನಂದ್ರೆ, ಸಾಲ್‌ವಿಂಡ್ ಸತ್ತ ಉಪಗ್ರಹವಾಗಿರಲಿಲ್ಲ. ಹಳೆಯದಾಗಿತ್ತು ನಿಜ, ಆದರೆ ಸೂರ್ಯನನ್ನು ನೋಡ್ತಾ ಇತ್ತು, ಸೂರ್ಯನ ಹತ್ತಿರ ಸುಳಿದು ಸುಟ್ಟುಹೋಗುವ ಧೂಮಕೇತುಗಳನ್ನು ಪತ್ತೆ ಮಾಡಿತ್ತು. ಅದರ ದತ್ತಾಂಶ ನಂಬಿಕೊಂಡಿದ್ದ ವಿಜ್ಞಾನಿಗಳು ಕೆರಳಿದರು. ಕಸದ ವಿಷಯ ಆಗ ದೊಡ್ಡ ಸುದ್ದಿಯೇ ಆಗಲಿಲ್ಲ. ಪಟ್ಟಿಗೆ ಸೇರಿದ ಚೂರುಗಳು 285. ಕೊನೆಯದು ಕೆಳಗೆ ಬೀಳಲು ಸುಮಾರು ಎರಡು ದಶಕ ಹಿಡಿಯಿತು.

ಯಾಕೆ ಅಷ್ಟು ವರ್ಷ? ಇದನ್ನ ಸ್ವಲ್ಪ ಬಿಡಿಸಿ ಹೇಳಬೇಕು. ಕಕ್ಷೆಯಲ್ಲಿರೋ ವಸ್ತು ಸೆಕೆಂಡಿಗೆ ಏಳೂವರೆ ಕಿಲೋಮೀಟರ್ ವೇಗದಲ್ಲಿ ಓಡ್ತಾ ಇರುತ್ತೆ. ಬೆಂಗಳೂರಿಂದ ಮೈಸೂರಿಗೆ 20 ಸೆಕೆಂಡು. ಒಡೆದ ಚೂರೂ ಸರಿಸುಮಾರು ಅಷ್ಟೇ ವೇಗದಲ್ಲಿ ಸುತ್ತುತ್ತೆ, ಹಾಗಾಗಿ ಕೆಳಗೆ ಬೀಳೋದೇ ಇಲ್ಲ. ಆ ವೇಗದಲ್ಲಿ ರಾಗಿ ಕಾಳಿನಷ್ಟು ತುಣುಕು ತಾಗಿದರೂ ಫಲಕಕ್ಕೆ ತೂತು ಗ್ಯಾರಂಟಿ. ಚೂರುಗಳನ್ನು ಕೆಳಗೆಳೆಯೋದು ಅಲ್ಲಿ ಅಳಿದುಳಿದ ತೆಳು ಗಾಳಿ ಮಾತ್ರ. 300 ಕಿಲೋಮೀಟರ್‌ನಲ್ಲಿ ಆ ಗಾಳಿ ವಾರ-ತಿಂಗಳುಗಳಲ್ಲಿ ಕೆಲಸ ಮುಗಿಸುತ್ತೆ. 500ರಲ್ಲಿ ವರ್ಷಗಳು. 800 ದಾಟಿದರೆ ನಮ್ಮ ಮೊಮ್ಮಕ್ಕಳ ಕಾಲಕ್ಕೂ ಅಲ್ಲೇ ಇರ್ತವೆ. ಅದಕ್ಕೇ ನಾನು ಯಾವ ದೇಶ ಇಂಥ ಪರೀಕ್ಷೆ ಮಾಡಿದೆ ಅಂತ ಕೇಳಿದರೂ ಮೊದಲು ನೋಡೋದು ಎತ್ತರ ಎಷ್ಟು ಅಂತ.

2007ರ ಜನವರಿ 11ರಂದು ಚೀನಾ ತನ್ನದೇ ಹಳೆಯ ಹವಾಮಾನ ಉಪಗ್ರಹ ಫೆಂಗ್‌ಯುನ್-1ಸಿಯನ್ನು ಹೊಡೆದಿದ್ದು ಎಷ್ಟು ಎತ್ತರದಲ್ಲಿ ಗೊತ್ತಾ? ಸುಮಾರು 865 ಕಿಲೋಮೀಟರ್. ಗುರುತು ಹಿಡಿಯಬಹುದಾದ ಚೂರುಗಳೇ 3,000 ದಾಟಿದವು. ಚೀನಾ ಬಾಯಿಬಿಟ್ಟು ಒಪ್ಪಿಕೊಂಡದ್ದು ಹನ್ನೆರಡು ದಿನದ ನಂತರ. ಬಹುಪಾಲು ಚೂರುಗಳು ಇನ್ನೂ ಮೇಲೇ ಇವೆ. ಚೀನಾದ ಸ್ವಂತ ಉಪಗ್ರಹಗಳೂ ಆ ರಸ್ತೆಯಲ್ಲೇ ಓಡಾಡಬೇಕು. ಮರು ವರ್ಷ ಅಮೆರಿಕ ಹಡಗಿನಿಂದ ಕ್ಷಿಪಣಿ ಹಾರಿಸಿ ತನ್ನ ಕೆಟ್ಟುಹೋದ ಗೂಢಚಾರ ಉಪಗ್ರಹವನ್ನು ಹೊಡೆಯಿತು. ಅದರಲ್ಲಿದ್ದ ವಿಷಕಾರಿ ಇಂಧನ ಜನರ ಮೇಲೆ ಬೀಳಬಾರದು ಅಂತ ಕಾರಣ ಕೊಟ್ಟರು. ನಂಬುವವರು ನಂಬಬಹುದು. ಎತ್ತರ ಮಾತ್ರ 250ರ ಆಸುಪಾಸು, ಕಸ ಬೇಗ ಉದುರಿತು.

ಈಗ ನಮ್ಮದು. 2019ರ ಮಾರ್ಚ್ 27. ಪ್ರಧಾನಿ ದೇಶವನ್ನುದ್ದೇಶಿಸಿ ಮಾತಾಡ್ತಾರೆ ಅಂತ ಬೆಳಿಗ್ಗೆ ಟ್ವೀಟ್ ಬಂದಾಗ, ನೋಟು ರದ್ದತಿ ನೆನೆದು ಎದೆ ಹಿಡಿದುಕೊಂಡವರು ಬಹಳ ಜನ. ಬಂದ ಸುದ್ದಿ ಮಿಷನ್ ಶಕ್ತಿ. ಒಡಿಶಾ ಕರಾವಳಿಯ ಅಬ್ದುಲ್ ಕಲಾಂ ದ್ವೀಪದಿಂದ ಹಾರಿದ ಡಿಆರ್‌ಡಿಒ ಕ್ಷಿಪಣಿ, ಎರಡು ತಿಂಗಳ ಹಿಂದಷ್ಟೇ ಪಿಎಸ್‌ಎಲ್‌ವಿ ಹೊತ್ತೊಯ್ದಿದ್ದ ಮೈಕ್ರೋಸ್ಯಾಟ್-ಆರ್ ಉಪಗ್ರಹಕ್ಕೆ ಡಿಕ್ಕಿ ಹೊಡೆದಿತ್ತು. ಸಿಡಿಮದ್ದು ಬೇಕಾಗಲಿಲ್ಲ, ವೇಗವೇ ಸಾಕಾಯಿತು. ಎತ್ತರ ಸುಮಾರು 300 ಕಿಲೋಮೀಟರ್.

ಆ ಎತ್ತರ ಆರಿಸಿದ್ದು ಜವಾಬ್ದಾರಿಯ ಕೆಲಸ ಅಂತ ನಾನು ಈಗಲೂ ಹೇಳ್ತೀನಿ. ಚೀನಾದ್ದಕ್ಕೂ ಇದಕ್ಕೂ ಹೋಲಿಕೆಯೇ ಇಲ್ಲ. ಆದರೆ 45 ದಿನದಲ್ಲಿ ಎಲ್ಲ ಕಸವೂ ಬಿದ್ದುಹೋಗುತ್ತೆ ಅಂತ ಡಿಆರ್‌ಡಿಒ ಮುಖ್ಯಸ್ಥರು ಕೊಟ್ಟ ಭರವಸೆ ಇದೆಯಲ್ಲ, ಅದು ನಿಲ್ಲಲಿಲ್ಲ. ಡಿಕ್ಕಿಯ ರಭಸಕ್ಕೆ ಕೆಲವು ಚೂರುಗಳು 1,000 ಕಿಲೋಮೀಟರ್‌ಗಿಂತ ಮೇಲಕ್ಕೆ ಚಿಮ್ಮಿದ್ದವು, ವರ್ಷ ಕಳೆದರೂ ಕೆಲವು ಸುತ್ತುತ್ತಲೇ ಇದ್ದವು. 24 ಚೂರು ಅಂತರರಾಷ್ಟ್ರೀಯ ಬಾಹ್ಯಾಕಾಶ ನಿಲ್ದಾಣಕ್ಕಿಂತ ಮೇಲೆ ಹೋಗಿವೆ ಅಂತ ನಾಸಾ ಮುಖ್ಯಸ್ಥ ಜಿಮ್ ಬ್ರೈಡನ್‌ಸ್ಟೈನ್ ಸಿಟ್ಟಾದರು. ಎರಡೆರಡು ಸಲ ತಾನೇ ಹೊಡೆದ ದೇಶದವರು ನಮಗೆ ಬುದ್ಧಿ ಹೇಳ್ತಾರಾ ಅಂತ ಇಲ್ಲಿ ಕೋಪ ಬಂತು, ಬಂದದ್ದೂ ಸರಿಯೇ. ಹಾಗಂತ ಅವರ ಲೆಕ್ಕ ಸುಳ್ಳಾಗಲಿಲ್ಲ.

2021ರ ನವೆಂಬರ್ 15ರದ್ದು ಇನ್ನೂ ಸೊಗಸು. ರಷ್ಯಾ ತನ್ನ ಹಳೆಯ ಕಾಸ್ಮೋಸ್-1408 ಉಪಗ್ರಹವನ್ನು ಸುಮಾರು 480 ಕಿಲೋಮೀಟರ್ ಎತ್ತರದಲ್ಲಿ ಒಡೆಯಿತು. 1,500ಕ್ಕೂ ಹೆಚ್ಚು ಚೂರುಗಳು. ಬಾಹ್ಯಾಕಾಶ ನಿಲ್ದಾಣದಲ್ಲಿದ್ದ ಏಳೂ ಜನರನ್ನು ಎಬ್ಬಿಸಿ, ಬೇಕಾದರೆ ತಕ್ಷಣ ಭೂಮಿಗೆ ವಾಪಸಾಗಲು ತಯಾರಾಗಿ ಅಂತ ನೌಕೆಗಳೊಳಗೆ ಕೂರಿಸಬೇಕಾಯಿತು. ಆ ಏಳು ಜನರಲ್ಲಿ ಇಬ್ಬರು ರಷ್ಯನ್ನರೇ, ಆಂಟನ್ ಶ್ಕಪ್ಲೆರೋವ್ ಮತ್ತು ಪ್ಯೋತ್ರ್ ದುಬ್ರೋವ್. ತಮ್ಮ ದೇಶದ ಕ್ಷಿಪಣಿ ಎಬ್ಬಿಸಿದ ಕಸದಿಂದ ತಾವೇ ಬಚ್ಚಿಟ್ಟುಕೊಂಡು ಕೂತಿದ್ದರು.

ತಮಾಷೆ ಏನು ಗೊತ್ತಾ? ಮೂರೇ ತಿಂಗಳ ನಂತರ ಉಕ್ರೇನ್ ಯುದ್ಧ ಶುರುವಾದಾಗ ಆ ಕ್ಷಿಪಣಿ ಉಪಯೋಗಕ್ಕೇ ಬರಲಿಲ್ಲ. 2022ರ ಫೆಬ್ರವರಿ 24ರ ಬೆಳಗಿನ ಜಾವ, ದಾಳಿಗೆ ಸುಮಾರು ಒಂದು ಗಂಟೆ ಮೊದಲು, ವಯಾಸ್ಯಾಟ್ ಕಂಪನಿಯ ಉಪಗ್ರಹ ಜಾಲಕ್ಕೆ ಹ್ಯಾಕರ್‌ಗಳು ನುಗ್ಗಿ ಸಾವಿರಾರು ಮೋಡೆಮ್‌ಗಳನ್ನು ಕೆಡಿಸಿದರು. ಇದು ರಷ್ಯಾದ್ದೇ ಕೆಲಸ ಅಂತ ಅಮೆರಿಕ, ಬ್ರಿಟನ್, ಯುರೋಪಿಯನ್ ಒಕ್ಕೂಟ ಮೂರೂ ಹೇಳಿದವು. ಉಪಗ್ರಹಕ್ಕೆ ಒಂದು ಗೀರೂ ಬೀಳಲಿಲ್ಲ. ಆದರೆ ಯುದ್ಧಕ್ಕೆ ಸಂಬಂಧವೇ ಇಲ್ಲದ ಜರ್ಮನಿಯಲ್ಲಿ 5,800 ಗಾಳಿಯಂತ್ರಗಳ ದೂರನಿಯಂತ್ರಣ ಕಡಿದುಹೋಯಿತು. 1962ರ ಬಾಂಬಿನ ಹಾಗೆ ಇದೂ ನಮ್ಮವರು-ಪರರು ನೋಡಲಿಲ್ಲ.

ಕ್ಷಿಪಣಿಯಿಂದ ಇಂಥ ಪರೀಕ್ಷೆ ಇನ್ನು ಬೇಡ ಅನ್ನೋ ನಿರ್ಣಯ 2022ರ ಡಿಸೆಂಬರ್‌ನಲ್ಲಿ ವಿಶ್ವಸಂಸ್ಥೆಯ ಮಹಾಸಭೆಗೆ ಬಂತು. ಪರವಾಗಿ 155 ಮತ. ಚೀನಾ, ರಷ್ಯಾ ವಿರುದ್ಧ. ಭಾರತ ಯಾವ ಕಡೆಗೂ ಮತ ಹಾಕದೆ ದೂರ ಉಳಿಯಿತು. ನಂಗೆ ಅದು ಸರಿಕಾಣಲಿಲ್ಲ. ಬರೀ ಮಾತಿನ ನಿರ್ಣಯ ಬೇಡ, ಕಾನೂನಾಗಿ ಕಟ್ಟಿಹಾಕುವ ಒಪ್ಪಂದ ಬೇಕು ಅನ್ನೋದು ನಮ್ಮ ಸರ್ಕಾರದ ಹಳೇ ವಾದ. ವಾದದಲ್ಲಿ ಹುರುಳಿದೆ. ಆದರೆ ಆ ಒಪ್ಪಂದ ಬರುವವರೆಗೆ ಮೇಲೆ ಚೂರುಗಳು ಕಾಯ್ತಾ ಕೂರಲ್ವಲ್ಲ.

ಆ ಚೂರುಗಳ ಲೆಕ್ಕ ಇಡೋರು ನಮ್ಮೂರಲ್ಲೇ ಇದ್ದಾರೆ. ಮಿಷನ್ ಶಕ್ತಿಯ ವರ್ಷವೇ ಹುಟ್ಟಿದ ರಕ್ಷಣಾ ಬಾಹ್ಯಾಕಾಶ ಏಜೆನ್ಸಿಯ ಕೇಂದ್ರ ಕಚೇರಿ ಇರೋದು ಬೆಂಗಳೂರಲ್ಲಿ. ಇತ್ತ ಪೀಣ್ಯದಲ್ಲಿ ಇಸ್ರೋದವರು ಯಾವ ತುಣುಕು ಯಾವ ಉಪಗ್ರಹದ ಹತ್ತಿರ ಬರ್ತಿದೆ ಅಂತ ಹಗಲೂ ರಾತ್ರಿ ನೋಡ್ತಾ ಇರ್ತಾರೆ. ಡಿಕ್ಕಿ ತಪ್ಪಿಸಲು 2022ರಲ್ಲಿ 21 ಸಲ, 2023ರಲ್ಲಿ 23 ಸಲ ನಮ್ಮ ಉಪಗ್ರಹಗಳನ್ನು ಪಕ್ಕಕ್ಕೆ ಸರಿಸಿದರು. ಪ್ರತಿ ಸಲವೂ ಒಂದಿಷ್ಟು ಇಂಧನ ಖರ್ಚು, ಉಪಗ್ರಹದ ಆಯಸ್ಸೂ ಅಷ್ಟಷ್ಟೇ ಕಡಿಮೆ.

2023ರ ಜುಲೈ 14ರಂದು ಚಂದ್ರಯಾನ-3 ಹಾರಿದ್ದನ್ನ ನಿಮ್ಮಲ್ಲಿ ಎಷ್ಟೋ ಜನ ಟಿವಿಯಲ್ಲಿ ನೋಡಿರ್ತೀರಿ. ಅವತ್ತು ರಾಕೆಟ್ ಮೊದಲು ಲೆಕ್ಕ ಹಾಕಿದ್ದ ಸಮಯಕ್ಕೆ ಸರಿಯಾಗಿ ಹೊರಡಲಿಲ್ಲ. ದಾರಿಯಲ್ಲಿ ಕಸದ ಒಂದು ತುಣುಕು ಹಾದುಹೋಗುವುದಿತ್ತು. ಅದು ದಾಟಲಿ ಅಂತ ನಾಲ್ಕು ಸೆಕೆಂಡು ತಡವಾಗಿ ಬಿಟ್ಟರು.