ಕಳೆದುಹೋದ ಕೊನೆಯ ಹಾಳೆ

ಬಾಸೆಲ್ ಎಂದೊಡನೆ ಕನ್ನಡಿಗರಾದ ನಮಗೆ ನೆನಪಾಗುವುದು ಬಾಸೆಲ್ ಮಿಶನ್. 1834ರಲ್ಲಿ ಮಂಗಳೂರಿಗೆ ಬಂದ ಪಾದ್ರಿಗಳು, 1843ರ ‘ಮಂಗಳೂರ ಸಮಾಚಾರ’, 1894ರ ಕಿಟ್ಟೆಲ್ ನಿಘಂಟು. ಆ ಪಾದ್ರಿಗಳನ್ನು ಕಳಿಸಿದ ಸ್ವಿಸ್ ಊರಿನಲ್ಲಿ, ಅದಕ್ಕೂ ಮುನ್ನೂರು ವರ್ಷ ಮೊದಲು ನಡೆದ ಇನ್ನೊಂದು ಅಚ್ಚಿನ ಕಥೆಯನ್ನು ಇಂದು ನಿಮ್ಮ ಮುಂದಿಡುತ್ತಿದ್ದೇವೆ. ಸಾಫ್ಟ್‌ವೇರ್ ನಂಬಿ ಬದುಕುವ ನಮ್ಮಂಥವರಿಗೆ ಇದು ತೀರ ಪರಿಚಿತ ಕಥೆ!

1515ರಲ್ಲಿ ಹಾಲೆಂಡಿನ ವಿದ್ವಾಂಸ ಎರಾಸ್ಮಸ್ ಬಾಸೆಲ್‌ನ ಮುದ್ರಕ ಯೋಹಾನ್ ಫ್ರೋಬೆನ್ ಜೊತೆ ಒಂದು ದೊಡ್ಡ ಕೆಲಸಕ್ಕೆ ಕೈಹಾಕಿದ. ಬೈಬಲ್ಲಿನ ಹೊಸ ಒಡಂಬಡಿಕೆಯನ್ನು ಮೂಲ ಗ್ರೀಕ್ ಭಾಷೆಯಲ್ಲೇ ಅಚ್ಚು ಹಾಕುವುದು. ಸ್ಪೇನಿನ ಅಲ್ಕಲಾ ಎಂಬಲ್ಲಿ ಇಂಥದೇ ಪುಸ್ತಕ 1514ರಲ್ಲೇ ಅಚ್ಚಾಗಿತ್ತು, ಆದರೆ ಬಿಡುಗಡೆಯಾಗಿರಲಿಲ್ಲ. ಬಾಸೆಲ್‌ನಲ್ಲಿ ಅವಸರವೋ ಅವಸರ. ಸುಮಾರು ಸಾವಿರ ಪುಟಗಳ ಪುಸ್ತಕ 1516ರ ಮಾರ್ಚ್ ಹೊತ್ತಿಗೆ ಹೊರಬಂತು. ಸಂಪಾದಿಸಿದ್ದಕ್ಕಿಂತ ತರಾತುರಿಯಲ್ಲಿ ಹೊರದಬ್ಬಿದ್ದೇ ಹೆಚ್ಚೆಂದು ಎರಾಸ್ಮಸ್‌ನೇ ಮುಂದೆ ಒಪ್ಪಿಕೊಂಡ.

ಹೊಸ ಒಡಂಬಡಿಕೆಯ ಕೊನೆಯ ಪುಸ್ತಕವಾದ ‘ಪ್ರಕಟನೆ’ಗೆ ಅವನ ಬಳಿ ಇದ್ದದ್ದು ಒಂದೇ ಒಂದು ಗ್ರೀಕ್ ಹಸ್ತಪ್ರತಿ. ಹೀಬ್ರೂ ಪಂಡಿತ ರೋಯ್ಕ್ಲಿನ್‌ನಿಂದ ಕಡ ತಂದದ್ದು. ಅಪೊಸ್ತಲರ ಕಾಲದ್ದಿರಬಹುದು ಎನ್ನುವಷ್ಟು ಹಳೆಯದೆಂದು ಎರಾಸ್ಮಸ್ ಅದನ್ನು ಹೊಗಳಿದ. ನಿಜವಾಗಿ ಅದು 12ನೆಯ ಶತಮಾನದ ಪ್ರತಿ. ಅದರಲ್ಲಿ ಮೂಲದ ಜೊತೆಗೆ ಕಪ್ಪದೋಕ್ಯದ ಕೈಸರೈಯ ಪಟ್ಟಣದ ಬಿಷಪ್ ಆಂಡ್ರಿಯಾಸ್ ಬರೆದ ವ್ಯಾಖ್ಯಾನವೂ ಇದೆ. ಮೂಲ ಯಾವುದು, ವ್ಯಾಖ್ಯಾನ ಯಾವುದು ಎಂದು ಬಿಡಿಸುವುದೇ ಕಷ್ಟ. ಕೋಡೂ ಕಾಮೆಂಟೂ ಕಲೆತುಹೋದ ಹಳೆಯ ಪ್ರೋಗ್ರಾಮಿನ ಹಾಗೆ! ಸಾಲದ್ದಕ್ಕೆ ಕೊನೆಯ ಹಾಳೆಯೇ ಇರಲಿಲ್ಲ. 22ನೆಯ ಅಧ್ಯಾಯದ 16ನೆಯ ವಚನದ ನಡುವೆಯೇ ಪ್ರತಿ ನಿಂತುಹೋಗಿತ್ತು. ಮುಂದೆ 21ನೆಯ ವಚನದವರೆಗೆ ಖಾಲಿ.

ಎರಾಸ್ಮಸ್ ಏನು ಮಾಡಿದ? ಲ್ಯಾಟಿನ್ ಬೈಬಲ್ ತೆಗೆದುಕೊಂಡು ಆ ಸಾಲುಗಳನ್ನು ತಾನೇ ಗ್ರೀಕಿಗೆ ಅನುವಾದಿಸಿ ಸೇರಿಸಿಬಿಟ್ಟ. ವಿಪರ್ಯಾಸ ನೋಡಿ. ಈ ಪುಸ್ತಕದ ಮಾತುಗಳಿಗೆ ಯಾರೂ ಏನನ್ನೂ ಸೇರಿಸಬಾರದು, ಏನನ್ನೂ ತೆಗೆಯಬಾರದು ಎಂಬ ಎಚ್ಚರಿಕೆ ಇರುವುದು ಇದೇ ಸಾಲುಗಳಲ್ಲಿ!

ಅವನು ಮೋಸಗಾರನಲ್ಲ. ಗ್ರೀಕಿನಲ್ಲಿ ಇಲ್ಲದ ಕೆಲವು ಮಾತುಗಳನ್ನು ಲ್ಯಾಟಿನ್‌ನಿಂದ ಸೇರಿಸಿದ್ದೇನೆ ಎಂದು ಪುಸ್ತಕದ ಟಿಪ್ಪಣಿಗಳ ಭಾಗದಲ್ಲಿ ಬರೆದಿದ್ದ. ಆದರೆ ಮೂಲಪಾಠದ ಪುಟದಲ್ಲಿ ಗುರುತಿರಲಿಲ್ಲ. ಮುಂದಿನವರು ಪಾಠವನ್ನು ನಕಲು ಮಾಡಿದರು, ಟಿಪ್ಪಣಿಯನ್ನು ಬಿಟ್ಟರು. 1518ರಲ್ಲಿ ವೆನಿಸ್ಸಿನ ಆಲ್ಡಸ್ ಮುದ್ರಣಾಲಯದಿಂದ ಇನ್ನೊಂದು ಗ್ರೀಕ್ ಬೈಬಲ್ ಬಂದಾಗ, ಅದನ್ನು ನೋಡಿ ತನ್ನ ಸಾಲುಗಳನ್ನು ಸರಿಪಡಿಸಿ ಎಂದು ಎರಾಸ್ಮಸ್ ಬಾಸೆಲ್‌ಗೆ ಬರೆದ. ವೆನಿಸ್ಸಿನವರು ಹೊಸ ಒಡಂಬಡಿಕೆಯನ್ನು ಅವನ ಪುಸ್ತಕದಿಂದಲೇ ಎತ್ತಿಕೊಂಡಿದ್ದರು! ಬಗ್ ಇದ್ದ ಫೈಲಿನಿಂದಲೇ ಮಾಡಿದ ಬ್ಯಾಕಪ್ ಅದು. 1527ರ ನಾಲ್ಕನೆಯ ಆವೃತ್ತಿಯಲ್ಲಿ ಸ್ಪೇನಿನ ಪುಸ್ತಕ ನೋಡಿ ‘ಪ್ರಕಟನೆ’ಯನ್ನು ಅನೇಕ ಕಡೆ ತಿದ್ದಿದ. ಆದರೂ ತೇಪೆ ಪೂರ್ತಿ ಹೋಗಲಿಲ್ಲ.

ಒಂದು ಉದಾಹರಣೆ ಸಾಕು. 19ನೆಯ ವಚನದಲ್ಲಿ ಗ್ರೀಕ್ ಪರಂಪರೆಯ ಪಾಠ ‘ಜೀವವೃಕ್ಷ’. ಲ್ಯಾಟಿನ್‌ನಲ್ಲಿ ಮರಕ್ಕೆ ‘ಲಿಗ್ನೋ’, ಪುಸ್ತಕಕ್ಕೆ ‘ಲಿಬ್ರೋ’. ಯಾವನೋ ಲ್ಯಾಟಿನ್ ಲಿಪಿಕಾರನ ಕೈತಪ್ಪಿನಿಂದ ಮರ ಪುಸ್ತಕವಾಗಿತ್ತು. ಗ್ರೀಕಿನಲ್ಲಿ ಈ ಎರಡು ಪದಗಳಿಗೆ ಹೋಲಿಕೆಯೇ ಇಲ್ಲ. ಎರಾಸ್ಮಸ್ ಮೂಲಕ ಆ ಲ್ಯಾಟಿನ್ ತಪ್ಪು ಗ್ರೀಕಿಗೆ ನುಗ್ಗಿ, 1611ರ ಇಂಗ್ಲಿಷ್ ಕಿಂಗ್ ಜೇಮ್ಸ್ ಬೈಬಲ್ಲಿನಲ್ಲಿ ‘ಜೀವದ ಪುಸ್ತಕ’ವಾಗಿ ಕುಳಿತಿತು.

ಮೂಲ ಹಸ್ತಪ್ರತಿಯಾದರೋ ವಿದ್ವಾಂಸರ ಕಣ್ಣಿಂದ ಮರೆಯಾಗಿತ್ತು. ಜರ್ಮನಿಯ ಮೈಹಿಂಗೆನ್‌ನಲ್ಲಿದ್ದ ಒಂದು ರಾಜಮನೆತನದ ಗ್ರಂಥಾಲಯದಲ್ಲಿ ಫ್ರಾನ್ಸ್ ಡೆಲಿಟ್ಸ್ ಅದನ್ನು ಪತ್ತೆಹಚ್ಚಿ 1861ರಲ್ಲಿ ಪ್ರಕಟಿಸಿದ. ಆಗ ಅಚ್ಚಿನ ಸಾಲನ್ನು ಮೂಲದ ಎದುರಿಗಿಟ್ಟು ಎರಾಸ್ಮಸ್‌ನ ಕೈಗೆ ಬಂದದ್ದೆಷ್ಟು, ಅವನು ಕಟ್ಟಿದ್ದೆಷ್ಟು ಎಂದು ನೋಡುವುದು ಸಾಧ್ಯವಾಯಿತು. ಇಂದು ಆ ಪ್ರತಿ ಆಗ್ಸ್‌ಬರ್ಗ್ ವಿಶ್ವವಿದ್ಯಾಲಯದ ಗ್ರಂಥಾಲಯದಲ್ಲಿದೆ. ವಿದ್ವಾಂಸರ ಪಟ್ಟಿಯಲ್ಲಿ ಅದರ ಸಂಖ್ಯೆ 2814.

ಇದನ್ನು ಓದಿ ನಾವು ಎರಾಸ್ಮಸ್‌ನನ್ನು ನೋಡಿ ನಗುವಂತಿಲ್ಲ. ಕೆಲವು ವರ್ಷಗಳ ಹಿಂದೆ ಅಜ್ಜಿಯ ಹಾಡಿನ ನೋಟುಬುಕ್ಕನ್ನು ಟೈಪು ಮಾಡಿ ನೆಂಟರಿಷ್ಟರಿಗೆಲ್ಲ ಈಮೇಲ್ ಮಾಡಿದೆವು. ಒಂದು ಆರತಿ ಹಾಡಿನ ಕೊನೆಯ ಹಾಳೆ ಗೆದ್ದಲು ಹಿಡಿದು ಹೋಗಿತ್ತು. ಚಿಕ್ಕಮ್ಮನನ್ನು ಫೋನಿನಲ್ಲಿ ಕೇಳಿ, ಅವರಿಗೆ ನೆನಪಾಗದ ಎರಡು ಸಾಲನ್ನು ನಾವೇ ಹೊಂದಿಸಿ ಸೇರಿಸಿದೆವು. ಗುರುತು ಹಾಕಲಿಲ್ಲ. ಈಗ ಮೂರು ದೇಶಗಳಲ್ಲಿರುವ ನಮ್ಮ ಮನೆಯ ಮಕ್ಕಳು ಅದನ್ನೇ ಅಜ್ಜಿಯ ಹಾಡೆಂದು ಹಾಡುತ್ತಾರೆ.

ನಮ್ಮ ಓಲೆಗರಿಗಳನ್ನು ಸಂಪಾದಿಸಿದ ವಿದ್ವಾಂಸರು ಅಕ್ಷರ ಹೋದಲ್ಲಿ ಕಂಸ ಹಾಕಿ, ಪಾಠಾಂತರವನ್ನು ಅದೇ ಪುಟದ ಅಡಿಯಲ್ಲಿ ಕೊಡುತ್ತಿದ್ದುದು ಯಾಕೆಂದು ಈಗ ಅರ್ಥವಾಗುತ್ತಿದೆ. ನಾವೂ ಆ ಎರಡು ಸಾಲಿಗೆ ಕಂಸ ಹಾಕಿ, ‘ಇದು ಅಜ್ಜಿಯದಲ್ಲ, ನಮ್ಮದು’ ಎಂದು ಪಕ್ಕದಲ್ಲೇ ಬರೆದು ಮತ್ತೆ ಎಲ್ಲರಿಗೂ ಕಳಿಸಿದ್ದೇವೆ. ನೋಟುಬುಕ್ಕನ್ನು ಎಸೆಯಬೇಡಿ ಎಂದು ಊರಿಗೂ ಫೋನು ಮಾಡಿದ್ದಾಗಿದೆ. ಊರಿನ ಟ್ರಂಕಿನಲ್ಲಿ ಅದು ಇನ್ನೂ ಕ್ಷೇಮವಾಗಿದೆಯಂತೆ.