ತಬ್ಬಲಿಯೆಂದು ಬರೆದ ಕಾಗದ

ನಮ್ಮ ಹಳೆಯ ದತ್ತಕ ಪದ್ಧತಿಯಲ್ಲಿ ಹೆತ್ತವರೇ ಮಗುವನ್ನು ನಾಲ್ವರ ಎದುರಿಗೆ ಕೈಯಾರೆ ಒಪ್ಪಿಸುತ್ತಿದ್ದರು. ಕೊಟ್ಟವರು ಯಾರು, ಪಡೆದವರು ಯಾರು ಎಂಬುದು ಊರಿಗೆಲ್ಲ ತಿಳಿದಿರುತ್ತಿತ್ತು. ಇಪ್ಪತ್ತನೆಯ ಶತಮಾನದಲ್ಲಿ ದೇಶದಿಂದ ದೇಶಕ್ಕೆ ನಡೆದ ದತ್ತುವಿನಲ್ಲಾದರೋ ಕೊಡುವವರ ಸ್ಥಾನವೇ ಎಷ್ಟೋ ಸಲ ಬರಿದಾಯಿತು. ಇದಕ್ಕೆ ದಕ್ಷಿಣ ಕೊರಿಯದ ಚರಿತ್ರೆಗಿಂತ ಸ್ಪಷ್ಟವಾದ ನಿದರ್ಶನ ಬೇಕಿಲ್ಲ.

1953ರಲ್ಲಿ ಯುದ್ಧ ನಿಂತಾಗ ಆ ನಾಡಿನ ತುಂಬ ದಿಕ್ಕಿಲ್ಲದ ಮಕ್ಕಳು. 1955ರಲ್ಲಿ ಅಮೆರಿಕದ ಹ್ಯಾರಿ ಮತ್ತು ಬರ್ತಾ ಹೋಲ್ಟ್ ದಂಪತಿಗಳು ಅಲ್ಲಿನ ಕಾಂಗ್ರೆಸ್ಸಿನ ವಿಶೇಷ ಶಾಸನದ ಬಲದಿಂದ ಎಂಟು ಮಕ್ಕಳನ್ನು ದತ್ತು ಪಡೆದರು. ಕರುಣೆಯಿಂದ ಮೊದಲಾದದ್ದು ಬರಬರುತ್ತ ಒಂದು ದೊಡ್ಡ ಏರ್ಪಾಡಾಯಿತು. ದೇಶ ಸಿರಿವಂತವಾದರೂ ಅದು ನಿಲ್ಲಲಿಲ್ಲ. 1985ರ ಒಂದೇ ವರ್ಷದಲ್ಲಿ 8,800ಕ್ಕೂ ಹೆಚ್ಚು ಮಕ್ಕಳು ಕಡಲಾಚೆಗೆ ಹೋದರು. ಒಟ್ಟು ಸಂಖ್ಯೆ ಎರಡು ಲಕ್ಷದ ಆಸುಪಾಸು. ತಾಯಿತಂದೆ ಬದುಕಿದ್ದ ಎಷ್ಟೋ ಮಕ್ಕಳ ಹೆಸರಿನಲ್ಲಿಯೂ 'ಅನಾಥ' ಎಂಬ ಹೊಸ ಕುಟುಂಬ ದಾಖಲೆ ಹುಟ್ಟಿತು. ಅದರಲ್ಲಿ ಮಗು ಒಂಟಿ, ಹಿಂದಿಲ್ಲ, ಮುಂದಿಲ್ಲ. ವೀಸಾಕ್ಕೆ ಅಂಥ ಕಾಗದವೇ ಅನುಕೂಲ.

ಈ ಕಾಗದದ ಸುಳ್ಳನ್ನು ತೆರೆಯ ಮೇಲೆ ತಂದವರಲ್ಲಿ ಡೀನ್ ಬೋರ್ಷೆ ಲೀಮ್ ಮುಖ್ಯರು. ಕ್ಯಾಲಿಫೋರ್ನಿಯದ ಬೋರ್ಷೆ ದಂಪತಿಗಳು ಚಾ ಜುಂಗ್ ಹೀ ಎಂಬ ಹುಡುಗಿಗೆ ತಿಂಗಳು ತಿಂಗಳು ಹಣ ಕಳುಹಿಸುತ್ತಿದ್ದು, ಕೊನೆಗೆ ಅವಳನ್ನೇ ಮಗಳಾಗಿ ಪಡೆಯಬಯಸಿದರು. ಅಷ್ಟರಲ್ಲಿ ಅವಳ ತಂದೆ ಬಂದು ಅವಳನ್ನು ಮನೆಗೆ ಕರೆದೊಯ್ದಿದ್ದ. ಅನಾಥಾಲಯದವರು ಕಾಂಗ್ ಓಕ್ ಜಿನ್ ಎಂಬ ಬೇರೊಬ್ಬ ಹುಡುಗಿಯನ್ನು, ನಿಜ ಹೇಳಕೂಡದೆಂದು ಎಚ್ಚರಿಸಿ, ಅದೇ ಹೆಸರಿನಲ್ಲಿ 1966ರಲ್ಲಿ ಕಳುಹಿಸಿಬಿಟ್ಟರು. ಅವಳೇ ಲೀಮ್. ಆಗ ಎಂಟು ವರ್ಷ. ದೊಡ್ಡವರಾದ ಮೇಲೆ ತಮ್ಮ ದತ್ತು ಕಡತದಲ್ಲಿ ಒಂದೇ ಹೆಸರಿನ ಇಬ್ಬರು ಹುಡುಗಿಯರ ಭಾವಚಿತ್ರ ಕಂಡಾಗ ಗುಟ್ಟು ಒಡೆಯಿತು. ಅವರ ಹೆತ್ತ ತಾಯಿ ಬದುಕಿದ್ದರು.

2000ದಲ್ಲಿ ಅವರು ತೆಗೆದ ಸಾಕ್ಷ್ಯಚಿತ್ರದ ಹೆಸರು 'ಫಸ್ಟ್ ಪರ್ಸನ್ ಪ್ಲೂರಲ್'. ನಮ್ಮ ವ್ಯಾಕರಣದ ಮಾತಿನಲ್ಲಿ ಉತ್ತಮ ಪುರುಷ ಬಹುವಚನ, ಎಂದರೆ 'ನಾವು'. ಈ 'ನಾವು' ಯಾವ ಮನೆಯವರು? ಸಾಕುತಂದೆ ಹಿಂದೆ ಮನೆಯಲ್ಲಿ ತೆಗೆದ ಚಿತ್ರದ ತುಣುಕುಗಳಲ್ಲಿ ನಗುವ ಬಾಲಕಿಯನ್ನು ಕಾಣುತ್ತೇವೆ. ಆ ನಗೆಯ ಹಿಂದೆ ಅವಳ ಹೆಸರೇ ಮುಚ್ಚಿಹೋಗಿದೆ. ಕೊರಿಯದಲ್ಲಿ ಎರಡು ಮನೆಯವರನ್ನೂ ಅವರು ಎದುರುಬದುರು ಕೂರಿಸುತ್ತಾರೆ. ಸಾಕಿದವರನ್ನು ಅವರು ಖಳರನ್ನಾಗಿ ಮಾಡುವುದಿಲ್ಲ. ಆ ದಂಪತಿಗಳ ಪ್ರೀತಿ ನಿಜ, ಅವರೂ ಕಾಗದವನ್ನೇ ನಂಬಿದ್ದವರು. 2010ರ ಇನ್ನೊಂದು ಚಿತ್ರದಲ್ಲಿ, ತಾವು ಯಾರ ಹೆಸರು ಹೊತ್ತು ಬದುಕಿದರೋ ಆ ಚಾ ಜುಂಗ್ ಹೀಯನ್ನೇ ಅರಸಿ ಹೊರಡುತ್ತಾರೆ.

ಇಂಥ ಚಿತ್ರಗಳ ಜೊತೆಗೆ ದತ್ತುಹೋದವರ ಸಂಘಟಿತ ಹೋರಾಟವೂ ಬೆಳೆಯಿತು. 2012ರಲ್ಲಿ ಜಾರಿಗೆ ಬಂದ ಕಾಯಿದೆ ಪ್ರತಿ ದತ್ತುವಿಗೂ ನ್ಯಾಯಾಲಯದ ಒಪ್ಪಿಗೆಯನ್ನು ಕಡ್ಡಾಯಮಾಡಿತು. 2022ರಲ್ಲಿ ಅನೇಕರು ಕೊರಿಯದ ಸತ್ಯ ಮತ್ತು ಸಂಧಾನ ಆಯೋಗದ ಬಾಗಿಲು ತಟ್ಟಿದರು. ದಾಖಲೆಗಳನ್ನು ತಿದ್ದಲಾಗಿತ್ತು, ಸರ್ಕಾರ ತನ್ನ ಹೊಣೆ ಮರೆತಿತ್ತು ಎಂದು ಆಯೋಗ 2025ರ ಮಾರ್ಚಿಯಲ್ಲಿ ಒಪ್ಪಿತು. ಅಕ್ಟೋಬರಿನಲ್ಲಿ ಅಧ್ಯಕ್ಷ ಲೀ ಜೇ-ಮ್ಯುಂಗ್ ಕ್ಷಮೆ ಕೇಳಿದರು.

ಆದರೂ 367 ಅರ್ಜಿದಾರರಲ್ಲಿ ಆಗ ಅನ್ಯಾಯಕ್ಕೊಳಗಾದವರೆಂದು ಮಾನ್ಯರಾದವರು 56 ಮಂದಿ ಮಾತ್ರ. 42 ಮಂದಿಯ ಪ್ರಕರಣಗಳನ್ನು ದಾಖಲೆ ಸಾಲದೆಂದು ತಡೆಹಿಡಿಯಲಾಯಿತು. ಕಾಗದ ಕೆಟ್ಟದ್ದೇ ಅವರ ದೂರು. ಅದನ್ನು ಸಾಧಿಸಲು ಒಳ್ಳೆಯ ಕಾಗದವನ್ನು ಅವರು ಎಲ್ಲಿಂದ ತಂದಾರು?